ಗ್ರಂಥಾಲಯ ಕರದ ಲೆಕ್ಕ ಕೊಡಿ

ಮಾನ್ಯ ಸಂಪಾದಕರೇ,

ಆಸ್ತಿ ತೆರಿಗೆ ಕಟ್ಟಿದ ರಸೀದಿಯನ್ನು ಒಮ್ಮೆ ತೆಗೆದು ನೋಡಿ. ಆರೋಗ್ಯ ಕರ, ಭಿಕ್ಷುಕರ ಕರದ ಜೊತೆಗೆ ಗ್ರಂಥಾಲಯ ಕರ ಅಂತ ಒಂದು ಸಾಲು ಇರುತ್ತದೆ. ಅದು ತೆರಿಗೆಯ ಮೇಲೆ ಶೇ 6. ಅಂದರೆ 1,000 ರೂಪಾಯಿ ತೆರಿಗೆಗೆ 60 ರೂಪಾಯಿ. 1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆ ಪ್ರಕಾರ ಇದು ಗ್ರಂಥಾಲಯಕ್ಕೇ ಸೇರಬೇಕಾದ ದುಡ್ಡು. ವಸೂಲಿ ಮಾಡುವ ಸ್ಥಳೀಯ ಸಂಸ್ಥೆ ಅದನ್ನು ಗ್ರಂಥಾಲಯ ಪ್ರಾಧಿಕಾರಕ್ಕೆ ದಾಟಿಸಬೇಕು, ಅಷ್ಟೇ. ಆದರೆ ಬೆಂಗಳೂರಿನಂಥ ಊರಲ್ಲೇ ನೂರಾರು ಕೋಟಿ ಬಾಕಿ ಉಳಿದ ಸುದ್ದಿಯನ್ನು ಪತ್ರಿಕೆಗಳಲ್ಲಿ ಎಷ್ಟೋ ಸಲ ಓದಿದ್ದೇವೆ.

ನಾನು ಹಾವೇರಿ ಜಿಲ್ಲೆಯ ತಾಲ್ಲೂಕು ಕೇಂದ್ರವೊಂದರಲ್ಲಿ ಟೈಲರಿಂಗ್ ಅಂಗಡಿ ನಡೆಸುತ್ತೇನೆ. ಅಂಗಡಿ ಎದುರೇ ಗ್ರಂಥಾಲಯ. ಬೆಳಿಗ್ಗೆ ಬಾಗಿಲು ತೆಗೆಯುವ ಮೊದಲೇ ಹುಡುಗ ಹುಡುಗಿಯರು ಬಂದು ಮೆಟ್ಟಿಲ ಮೇಲೆ ಕೂತಿರುತ್ತಾರೆ. ಎಫ್‌ಡಿಎ, ಪಿಡಿಒ, ಪೊಲೀಸ್‌ನಂಥ ಸರ್ಕಾರಿ ಕೆಲಸದ ಪರೀಕ್ಷೆಗೆ ಓದುವವರೇ ಜಾಸ್ತಿ. ಧಾರವಾಡದಲ್ಲಿ ರೂಮ್ ಮಾಡಿಕೊಂಡು ಕೋಚಿಂಗ್‌ಗೆ ಹೋಗುವ ಶಕ್ತಿ ಇವರ ಮನೆಗಳಲ್ಲಿ ಇಲ್ಲ. ನನ್ನ ಮಗಳೂ ಇವರಲ್ಲಿ ಒಬ್ಬಳು. ಕುರ್ಚಿ ಸಾಲದೆ ಕೆಲವರು ನಿಂತೇ ಪೇಪರ್ ಓದುತ್ತಾರೆ. ತಿಂಗಳ ಪ್ರಚಲಿತ ವಿದ್ಯಮಾನದ ಪತ್ರಿಕೆ ಒಂದೇ ಪ್ರತಿ ಬರುತ್ತದೆ. ಸರದಿ ಮೇಲೆ ಮೊಬೈಲ್‌ನಲ್ಲಿ ಪುಟಗಳ ಫೋಟೋ ಹೊಡೆದುಕೊಳ್ಳುತ್ತಾರೆ. ಅಲ್ಲಿನ ಸಾಮಾನ್ಯ ಜ್ಞಾನದ ಪುಸ್ತಕದಲ್ಲಿ ಕರ್ನಾಟಕಕ್ಕೆ ಇನ್ನೂ 30 ಜಿಲ್ಲೆ. ವಿಜಯನಗರ ಜಿಲ್ಲೆ 2021ರಲ್ಲೇ ಆಯಿತಲ್ವಾ? ಯಾರೋ ಒಬ್ಬ ಪುಣ್ಯಾತ್ಮ 30 ಹೊಡೆದು ಹಾಕಿ, ಪಕ್ಕದಲ್ಲಿ ನೀಲಿ ಪೆನ್ನಿನಿಂದ 31 ಅಂತ ಬರೆದಿದ್ದಾನೆ.

ಹೊಸ ಪುಸ್ತಕ ಯಾಕಿಲ್ಲ ಎಂದು ಗ್ರಂಥಪಾಲಕರನ್ನು ಕೇಳಿದೆ. ಹಣ ಬಂದಿಲ್ಲ ಅಂದರು. ಅವರದೇನೂ ತಪ್ಪಿಲ್ಲ. ಹರಿದ ಪುಟಗಳಿಗೆ ಅವರೇ ಕೂತು ಅಂಟು ಹಚ್ಚುವುದನ್ನು ನಾನು ನೋಡಿದ್ದೇನೆ. ಕರ ವಸೂಲಿ ಮಾಡುವ ಕಚೇರಿಯಲ್ಲಿ ಕೇಳಿದರೆ, ನಮ್ಮೂರಿಂದ ಎಷ್ಟು ಸಂಗ್ರಹವಾಯಿತು, ಎಷ್ಟು ದಾಟಿಸಿದರು ಎನ್ನುವುದಕ್ಕೆ ಯಾರೂ ಉತ್ತರ ಕೊಡಲಿಲ್ಲ.

ಹಳ್ಳಿಗಳಲ್ಲಿ ಒಂದಿಷ್ಟು ಒಳ್ಳೆಯದಾಗಿದೆ, ಅದನ್ನೂ ಹೇಳಬೇಕು. 2019ರಲ್ಲಿ ಗ್ರಾಮ ಪಂಚಾಯಿತಿ ಗ್ರಂಥಾಲಯಗಳು ಗ್ರಾಮೀಣಾಭಿವೃದ್ಧಿ ಇಲಾಖೆಗೆ ಹೋದವು. ಈಗ ಅವಕ್ಕೆ ಅರಿವು ಕೇಂದ್ರ ಅನ್ನುತ್ತಾರೆ. ‘ಓದುವ ಬೆಳಕು’ ಕಾರ್ಯಕ್ರಮದಲ್ಲಿ 6ರಿಂದ 18 ವರ್ಷದ ಮಕ್ಕಳಿಗೆ ಉಚಿತ ಸದಸ್ಯತ್ವ ಕೊಟ್ಟರು. ನನ್ನ ತವರೂರಿನ ಕೇಂದ್ರಕ್ಕೆ ಕಂಪ್ಯೂಟರ್ ಬಂದಿದೆ. ತಮ್ಮನ ಮಗಳು ಶಾಲೆ ಬಿಟ್ಟ ಮೇಲೆ ಅಲ್ಲಿಗೇ ಓಡುತ್ತಾಳೆ. ಪಟ್ಟಣದ ಮಕ್ಕಳಿಗೂ ಇಷ್ಟು ಬೇಡವೇ?

ನನ್ನ ಕೋರಿಕೆ ಇಷ್ಟೇ. ಪ್ರತಿ ಪಟ್ಟಣ ಪಂಚಾಯಿತಿ, ಪುರಸಭೆ, ನಗರಸಭೆ, ಪಾಲಿಕೆ ಮೂರು ತಿಂಗಳಿಗೊಮ್ಮೆ ಈ ಲೆಕ್ಕವನ್ನು ತನ್ನ ನೋಟಿಸ್ ಬೋರ್ಡಿನಲ್ಲೂ ಗ್ರಂಥಾಲಯದ ಬಾಗಿಲಲ್ಲೂ ಅಂಟಿಸಲಿ: ವಸೂಲಿಯಾದ ಗ್ರಂಥಾಲಯ ಕರ ಎಷ್ಟು, ದಾಟಿಸಿದ್ದು ಎಷ್ಟು, ಬಾಕಿ ಎಷ್ಟು. ಗ್ರಂಥಾಲಯ ಇಲಾಖೆಯೂ ಬಂದ ಹಣದಲ್ಲಿ ಯಾವ ಊರಿಗೆ ಯಾವ ಪುಸ್ತಕ ಕೊಂಡಿತು ಅಂತ ಪಟ್ಟಿ ಹಾಕಲಿ. ಬಾಕಿ ಉಳಿಸಿಕೊಂಡ ಸಂಸ್ಥೆಗಳಿಗೆ ಸರ್ಕಾರ ಗಡುವು ಕೊಡಲಿ. ವಾರ್ಡಿನ ಸದಸ್ಯರು ಮುಂದಿನ ಬಜೆಟ್ ಸಭೆಯಲ್ಲಿ ಇದನ್ನು ಬಾಯಿಬಿಟ್ಟು ಕೇಳಲಿ. ಓದುಗರು ನಿಮ್ಮ ನಿಮ್ಮ ಊರಲ್ಲೂ ಕೇಳಿ.

– ಒಬ್ಬ ಓದುಗಿ, ಹಾವೇರಿ ಜಿಲ್ಲೆ