ಶೀತ ಹಿಡಿದ ಗಂಟಲಿನ ಆಲ್ಬಂ

ಗೆಳೆಯಾ,

ಇಂಗ್ಲೆಂಡಿನ ರಾಕ್ ತಂಡ ಬೀಟಲ್ಸ್‌ನವರ ಮೊದಲ ಆಲ್ಬಂ ‘ಪ್ಲೀಸ್ ಪ್ಲೀಸ್ ಮಿ’ ಮಾತು ಬಂದಾಗ ನೀನು ಫೋನಿನಲ್ಲಿ ‘ಅದು ಹುಡುಗಾಟದ್ದು ಬಿಡೋ, ಅಸಲಿ ಬೀಟಲ್ಸ್ ಆಮೇಲೆ ಬಂದಿದ್ದು’ ಅಂದೆಯಲ್ಲ, ಅವತ್ತು ನನಗೆ ಉತ್ತರ ಹೊಳೆಯಲಿಲ್ಲ. ನಿನ್ನೆ ಹೊಳೆಯಿತು. ಅದೂ ಇಯರ್‌ಫೋನ್ ಕೆಟ್ಟಿದ್ದರಿಂದ!

ಬಸ್ಸಿನಲ್ಲಿ ಕೂತು ಆಲ್ಬಂ ಹಾಕಿದೆ. ಬಲಗಡೆಯದು ಸತ್ತುಹೋಗಿತ್ತು. ಎಡಗಡೆ ಗಿಟಾರು, ಬೇಸ್, ಡ್ರಮ್ಸ್ ಎಲ್ಲ ಇವೆ, ಹಾಡುವವರೇ ನಾಪತ್ತೆ. ಪಕ್ಕದ ಮನೆಯಲ್ಲಿ ಯಾರೋ ಹಾಡಿಕೊಂಡ ಹಾಗೆ ದನಿ ಸಣ್ಣಗೆ ಸೋರುತ್ತಿತ್ತು, ಅಷ್ಟೇ. ಆಮೇಲೆ ನೆನಪಾಯಿತು. ಆಗ ಸ್ಟುಡಿಯೋದಲ್ಲಿ ಇವರಿಗೆ ಸಿಕ್ಕಿದ್ದು ಎರಡೇ ಟ್ರ್ಯಾಕಿನ ಟೇಪ್ ಯಂತ್ರ. ಒಂದರಲ್ಲಿ ವಾದ್ಯ, ಇನ್ನೊಂದರಲ್ಲಿ ದನಿ. ಎರಡನ್ನೂ ಸೇರಿಸಿ ಮೋನೋಗೆ, ಅಂದರೆ ಎಡ-ಬಲ ಭೇದವಿಲ್ಲದ ಒಂದೇ ಸದ್ದಿಗೆ, ಬೆರೆಸುವಾಗ ಹದ ನೋಡಿಕೊಳ್ಳಲು ಮಾಡಿದ್ದ ಏರ್ಪಾಡು ಅದು. ಸ್ಟೀರಿಯೋದಲ್ಲಿ ಹೆಚ್ಚಿನ ಹಾಡುಗಳಿಗೆ ಅದೇ ಎಡ-ಬಲ ಆಗಿ ಕೂತುಬಿಟ್ಟಿದೆ.

ಹಾಡುವ ದನಿ ಪಕ್ಕಕ್ಕೆ ಸರಿದ ಮೇಲೆ ತಂಡದ ಪಾಲ್ ಮೆಕಾರ್ಟ್ನಿಯ ಬೇಸ್ ಗಿಟಾರ್ ಕೇಳಬೇಕು ನೀನು. ಮೊದಲ ಹಾಡಿನಲ್ಲೇ ಒಂದು ಕ್ಷಣ ನಿಲ್ಲದೆ ಓಡುತ್ತದೆ. ಅದನ್ನು ಅಮೆರಿಕದ ರಾಕ್ ಗಾಯಕ ಚಕ್ ಬೆರ್ರಿಯ ಹಾಡೊಂದರಿಂದ ಎತ್ತಿಕೊಂಡೆ ಅಂತ ಪಾಲ್ ತಾನೇ ಒಪ್ಪಿಕೊಂಡಿದ್ದಾನೆ. ಕದ್ದರೂ ಹೀಗೆ ಕದಿಯಬೇಕು, ಅಲ್ವಾ?

1963ರ ಫೆಬ್ರವರಿ 11. ಊರೂರು ಸುತ್ತಿ ಕಾರ್ಯಕ್ರಮ ಕೊಡುತ್ತಿದ್ದವರು ಒಂದು ದಿನ ಬಿಡುವು ಮಾಡಿಕೊಂಡು ಲಂಡನ್ನಿನ ಅಬ್ಬೆ ರೋಡ್ ಸ್ಟುಡಿಯೋಗೆ ಬಂದರು. ಆಲ್ಬಂಗೆ 14 ಹಾಡು ಬೇಕು. ನಾಲ್ಕು ಆಗಲೇ ಸಿಂಗಲ್‌ಗಳಲ್ಲಿ, ಅಂದರೆ ಎರಡು ಹಾಡಿನ ಸಣ್ಣ ರೆಕಾರ್ಡುಗಳಲ್ಲಿ, ಬಂದಿದ್ದವು. ಉಳಿದ ಹತ್ತನ್ನು ಆ ಒಂದೇ ದಿನ, ಬೆಳಿಗ್ಗೆಯಿಂದ ರಾತ್ರಿ ಹತ್ತು ದಾಟುವವರೆಗೆ ಕೂತು ಮುಗಿಸಿದರು. ಮಧ್ಯಾಹ್ನ ನಿರ್ಮಾಪಕ ಜಾರ್ಜ್ ಮಾರ್ಟಿನ್ ಪಬ್ಬಿಗೆ ಹೋದರೆ, ಈ ಹುಡುಗರು ಹಾಲು ಕುಡಿದು ಸ್ಟುಡಿಯೋದಲ್ಲೇ ಅಭ್ಯಾಸ ಮಾಡುತ್ತಾ ಉಳಿದರಂತೆ. ಜರ್ಮನಿಯ ಹ್ಯಾಂಬರ್ಗಿನ ಕ್ಲಬ್ಬುಗಳಲ್ಲಿ ರಾತ್ರಿಯೆಲ್ಲ ನುಡಿಸಿ ಪಳಗಿದವರಿಗೆ ಇದೇನು ಮಹಾ.

ಎಲ್ಲ ಒಂದೇ ಏಟಿಗೆ ಆಯಿತು ಅನ್ನೋದು ಸುಮ್ನೆ ಕಥೆ ಬಿಡು. ಶುರುವಿನಲ್ಲಿ ಪಾಲ್ ‘ಒನ್ ಟು ತ್ರೀ ಫೋರ್’ ಅಂತ ಕೂಗುತ್ತಾನಲ್ಲ, ಅದು ಒಂಬತ್ತನೇ ಟೇಕಿನದು, ಅಂದರೆ ಒಂಬತ್ತನೇ ಸಲ ರೆಕಾರ್ಡ್ ಮಾಡಿದಾಗಿನದು. ಕತ್ತರಿಸಿ ಮೊದಲನೇ ಟೇಕಿಗೆ ಅಂಟಿಸಿದ್ದಾರೆ. ‘ಲವ್ ಮಿ ಡು’ನಲ್ಲಿ ಡ್ರಮ್ಸ್ ಬಾರಿಸಿದ್ದು ಹೊರಗಿನಿಂದ ಕರೆಸಿದ್ದ ಆಂಡಿ ವೈಟ್. ಪಾಪ, ತಂಡದ ಡ್ರಮ್ಮರ್ ರಿಂಗೊ ಟ್ಯಾಂಬೊರಿನ್ ಹಿಡಿದು ನಿಂತಿದ್ದ. ‘ಎ ಟೇಸ್ಟ್ ಆಫ್ ಹನಿ’ ಸಪ್ಪೆ, ಅದರಲ್ಲಿ ನಿನ್ನ ಮಾತೇ ಸರಿ.

ಆದರೆ ಕೊನೆಯ ಹಾಡು? ಅದನ್ನು ಹಾಡಬೇಕಿದ್ದ ಜಾನ್ ಲೆನನ್‌ಗೆ ಅವತ್ತು ಜೋರು ಶೀತ. ಗಂಟಲಿನ ಗುಳಿಗೆ ಚೀಪಿಕೊಂಡೇ ದಿನ ದೂಡಿದ್ದ. ‘ಟ್ವಿಸ್ಟ್ ಅಂಡ್ ಶೌಟ್’ ಹಾಡಿದರೆ ದನಿ ಬಿದ್ದೇ ಹೋಗುತ್ತದೆ ಅಂತ ಮಾರ್ಟಿನ್‌ಗೆ ಗೊತ್ತಿತ್ತು. ಅದಕ್ಕೇ ಅದನ್ನು ಕೊನೆಗೆ ಇಟ್ಟರು. ಮೊದಲ ಟೇಕ್ ಆಯಿತು. ಇನ್ನೊಂದು ನೋಡೋಣ ಅಂದರೆ ಗಂಟಲು ಮೇಲೇಳಲಿಲ್ಲ. ನಾವು ಕೇಳುವುದು ಆ ಮೊದಲನೆಯದನ್ನೇ.

ನಿನ್ನೆ ಮನೆಗೆ ಬಂದವನೇ ಸ್ಪೀಕರಿನ ಬ್ಯಾಲೆನ್ಸ್ ಪೂರ್ತಿ ಬಲಕ್ಕೆ ತಿರುಗಿಸಿ ಅದನ್ನು ಹಾಕಿದೆ. ದನಿಗಳಷ್ಟೇ. ಒಣಗಿದ ತೆಂಗಿನ ಗರಿಯನ್ನು ಸಿಮೆಂಟಿನ ಮೇಲೆ ಎಳೆದ ಹಾಗೆ ಜಾನ್ ಗಂಟಲು. ಸರಿಮಾಡಲು ಹೊತ್ತಿರಲಿಲ್ಲ, ಹಾಗಾಗಿ ಅದು ಹಾಗೇ ಉಳಿಯಿತು. ಎಷ್ಟೋ ವರ್ಷ ಕಳೆದ ಮೇಲಿನ ಆಲ್ಬಂಗಳಲ್ಲಿ ಅವರ ಕೈಯಲ್ಲಿ ತಿಂಗಳುಗಟ್ಟಲೆ ಸಮಯ ಇತ್ತು. ಈ ಗಂಟಲು ಇರಲಿಲ್ಲ. ಇಂಗ್ಲೆಂಡಿನಲ್ಲಿ ಈ ಆಲ್ಬಂ 30 ವಾರ ಮಾರಾಟದ ಪಟ್ಟಿಯ ಒಂದನೇ ಸ್ಥಾನದಲ್ಲಿ ಕೂತಿದ್ದರಲ್ಲಿ ನನಗಂತೂ ಆಶ್ಚರ್ಯ ಇಲ್ಲ.

ನೀನೂ ಹಾಗೇ ಕೇಳು. ಕೊನೇ ಸದ್ದು ನಿಲ್ಲುವವರೆಗೂ ಕೈ ಹಾಕಬೇಡ. ಹಾಡು ಮುಗಿದ ಕೂಡಲೇ ಪಾಲ್ ‘ಹೇ!’ ಅಂದಿದ್ದು ಕೇಳಿಸುತ್ತದೆ. ಕೇಳಿಸಿದರೆ ಫೋನ್ ಮಾಡು, ಎಷ್ಟೊತ್ತಾಗಿದ್ದರೂ ಎತ್ತುತ್ತೇನೆ.

ನಿನ್ನವ