ವಿಮಾನ ಕಂಪನಿಗಳನ್ನು ಸಾಕಿದ್ದು ಅಂಚೆ ಇಲಾಖೆ

ಮಾನ್ಯರೆ,

ಸಣ್ಣ ಊರುಗಳಿಗೂ ವಿಮಾನ ಹಾರಿಸಲು ಕಂಪನಿಗಳಿಗೆ ಕೇಂದ್ರ ಸರ್ಕಾರ ಉಡಾನ್ ಯೋಜನೆಯಲ್ಲಿ ಕೊಡುವ ಸಹಾಯಧನವನ್ನು ಟೀಕಿಸುತ್ತಾ ಓದುಗರೊಬ್ಬರು, ಅಮೆರಿಕದ ವಿಮಾನ ಕಂಪನಿಗಳು ಸರ್ಕಾರದ ಹಂಗಿಲ್ಲದೆ ಬೆಳೆದವು ಎಂದು ಇದೇ ಅಂಕಣದಲ್ಲಿ ಬರೆದಿದ್ದಾರೆ. ಅದು ಸರಿಯಲ್ಲ. ಅವುಗಳ ಹೊಟ್ಟೆ ತುಂಬಿಸಿದ್ದು ಅಲ್ಲಿನ ಅಂಚೆ ಇಲಾಖೆ.

ವೆಸ್ಟರ್ನ್ ಏರ್ ಎಕ್ಸ್‌ಪ್ರೆಸ್ ಕಂಪನಿಯನ್ನೇ ನೋಡಿ. 1925ರ ಕೆಲ್ಲಿ ಕಾಯ್ದೆ ಬಂದ ಮೇಲೆ ವಿಮಾನದಲ್ಲಿ ಅಂಚೆ ಸಾಗಿಸುವ ಗುತ್ತಿಗೆ ಖಾಸಗಿಯವರಿಗೆ ಸಿಕ್ಕಿತು. ಲಾಸ್ ಏಂಜಲೀಸ್‌ನಿಂದ ಲಾಸ್ ವೇಗಾಸ್ ಮೇಲೆ ಸಾಲ್ಟ್ ಲೇಕ್ ಸಿಟಿಗೆ ಹೋಗುವ ದಾರಿ ಈ ಕಂಪನಿಯ ಪಾಲಾಯಿತು. 1926ರ ಏಪ್ರಿಲ್ 17ರಂದು ಹಾರಾಟ ಶುರುವಾಯಿತು. ಪೈಲಟ್‌ಗಳಲ್ಲಿ ಒಬ್ಬರಾದ ಫ್ರೆಡ್ ಕೆಲ್ಲಿ 1912ರ ಒಲಿಂಪಿಕ್ಸ್‌ನ ಹರ್ಡಲ್ಸ್‌ನಲ್ಲಿ ಚಿನ್ನ ಗೆದ್ದವರು. (ಕಾಯ್ದೆಯ ಕೆಲ್ಲಿ ಬೇರೆ, ಅವರು ಸಂಸದ.) ಪ್ರಯಾಣಿಕರು ಹತ್ತಿದ್ದು ಮೇ 23ರಂದು. ಇಬ್ಬರೇ. ತಲೆಯ ಮೇಲೆ ಚಾವಣಿಯಿಲ್ಲದ ಡಗ್ಲಾಸ್ ವಿಮಾನದಲ್ಲಿ, ಪ್ಯಾರಾಚೂಟ್ ಕಟ್ಟಿಕೊಂಡು, ಅಂಚೆ ಚೀಲಗಳ ಮೇಲೆ ಕೂತು ಹೋದರು. ಟಿಕೆಟ್ 90 ಡಾಲರ್! ಆದರೂ ಆದಾಯ ಬರುತ್ತಿದ್ದದ್ದು ಅವರು ಕೂತಿದ್ದ ಚೀಲಗಳಿಂದಲೇ.

ಆ ಲೆಕ್ಕವೂ ಮಜವಾಗಿತ್ತು. 1928ರಲ್ಲಿ ವಿಮಾನ ಅಂಚೆಯ ದರ ಇಳಿಸಿದರು. ಒಂದು ಪೌಂಡಿನ ಪಾರ್ಸೆಲ್‌ಗೆ ಸುಮಾರು ಒಂದೂವರೆ ಡಾಲರಿನ ಸ್ಟಾಂಪು ಸಾಕಾಗುತ್ತಿತ್ತು. ಅದನ್ನು ಹೊತ್ತ ಕಂಪನಿಗೆ ಇಲಾಖೆ ಪೌಂಡಿಗೆ 3 ಡಾಲರ್‌ವರೆಗೆ ಕೊಡುತ್ತಿತ್ತು. ಕೆಲವು ಗುತ್ತಿಗೆದಾರರು ತಾವೇ ಇಟ್ಟಿಗೆ, ಟೆಲಿಫೋನ್ ಡೈರೆಕ್ಟರಿ ಪೋಸ್ಟ್ ಮಾಡಿ ದುಡ್ಡು ಮಾಡಿಕೊಂಡರು ಎಂಬ ಮಾತು ಆಗಲೇ ಇತ್ತು. ಅಂಚೆ ಇಲಾಖೆಯಲ್ಲಿ ದುಡಿದ ನನಗಂತೂ ಇದರಲ್ಲಿ ಆಶ್ಚರ್ಯವೇನೂ ಇಲ್ಲ.

1930ರಲ್ಲಿ ಕಾನೂನು ಬದಲಾಯಿತು. ತೂಕದ ಬದಲು ವಿಮಾನದಲ್ಲಿರುವ ಜಾಗಕ್ಕೆ ಹಣ ಕೊಡತೊಡಗಿದರು. ಅಂಚೆ ತುಂಬದಿದ್ದರೂ ದುಡ್ಡು ಬರುತ್ತೆ ಅಂದಾಗ ಕಂಪನಿಗಳು ದೊಡ್ಡ ವಿಮಾನ ಕೊಂಡು ಸೀಟು ಹಾಕಿದವು. ಆದರೆ ಅದೇ ಸಮಯದಲ್ಲಿ ಪೋಸ್ಟ್‌ಮಾಸ್ಟರ್ ಜನರಲ್ (ಅಲ್ಲಿನ ಅಂಚೆ ಇಲಾಖೆಯ ಮುಖ್ಯಸ್ಥ) ವಾಲ್ಟರ್ ಬ್ರೌನ್ ದೊಡ್ಡ ಕಂಪನಿಗಳನ್ನು ಕೂರಿಸಿಕೊಂಡು ದಾರಿಗಳನ್ನು ಹಂಚಿದರು. ವೆಸ್ಟರ್ನ್‌ನ ಒಂದು ಭಾಗವನ್ನು ಇನ್ನೊಂದು ಕಂಪನಿಯ ಜೊತೆ ಬಲವಂತವಾಗಿ ಸೇರಿಸಿದ್ದರಿಂದಲೇ ಟಿಡಬ್ಲ್ಯುಎ ಎಂಬ ವಿಮಾನ ಕಂಪನಿ ಹುಟ್ಟಿತು. ಈ ಹಂಚಿಕೆ ಹಗರಣವಾಗಿ 1934ರ ಫೆಬ್ರವರಿಯಲ್ಲಿ ಅಧ್ಯಕ್ಷ ರೂಸ್‌ವೆಲ್ಟ್ ಗುತ್ತಿಗೆಗಳನ್ನೆಲ್ಲ ರದ್ದು ಮಾಡಿದರು. ಅಂಚೆ ಹೊರಲು ಸೇನೆಯ ಪೈಲಟ್‌ಗಳನ್ನು ಕಳಿಸಿದರು. ರಾತ್ರಿ, ಹಿಮ, ಹಳೇ ವಿಮಾನ. ಕೆಲವೇ ವಾರಗಳಲ್ಲಿ ಹತ್ತಕ್ಕೂ ಹೆಚ್ಚು ಸೈನಿಕರು ಸತ್ತರು. ಕೊನೆಗೆ ಕೆಲಸ ಮತ್ತೆ ಖಾಸಗಿಯವರಿಗೇ ಹೋಯಿತು.

ಹಾಗಾಗಿ ಉಡಾನ್ ಬಗ್ಗೆ ಜಗಳ ಆಡುವುದಾದರೆ, ಹಣ ಯಾವ ಲೆಕ್ಕದಲ್ಲಿ, ಯಾರಿಗೆ, ಎಷ್ಟು ದಿನ ಎಂಬುದರ ಮೇಲೆ ಆಡೋಣ. ಅಮೆರಿಕವನ್ನು ಸುಮ್ನೆ ಸಾಕ್ಷಿಗೆ ಕರೆಯುವುದು ಬೇಡ.

ನಮ್ಮಲ್ಲೂ 1932ರ ಅಕ್ಟೋಬರ್‌ನಲ್ಲಿ ಟಾಟಾ ವಿಮಾನ ಹಾರಿದ್ದು ಅಂಚೆ ಹೊತ್ತೇ ಅಲ್ವಾ? ಕರಾಚಿಯಿಂದ ಮುಂಬಯಿಗೆ, ಅಲ್ಲಿಂದ ನಮ್ಮ ಬಳ್ಳಾರಿಯಲ್ಲಿ ಇಳಿದು ಮದ್ರಾಸಿಗೆ.

– ನಿವೃತ್ತ ಅಂಚೆ ನೌಕರ, ಬಳ್ಳಾರಿ