ಮೀಟರಿನ ಕೆಂಪು ದೀಪ ಹೇಳುವ ಲೆಕ್ಕ

ಮಾನ್ಯರೇ,

ಗೃಹಜ್ಯೋತಿ ಯೋಜನೆಯಲ್ಲಿ ತಿಂಗಳ ಬಳಕೆ 200 ಯೂನಿಟ್ ಮೀರಿದರೆ ಪೂರ್ತಿ ಬಿಲ್ ಕಟ್ಟಬೇಕು. ದಾವಣಗೆರೆಯ ಬೇಸಿಗೆಯಲ್ಲಿ ಹಗಲಿರುಳು ಫ್ಯಾನ್ ತಿರುಗಿಸುವ ನಮ್ಮಂಥವರಿಗೆ ಆ ಗಡಿ ಬಹಳ ದೂರವೇನಲ್ಲ. ಆದರೂ ಬಿಲ್ ಕೈಗೆ ಬರುವವರೆಗೆ ಬಳಕೆಯ ಅಂದಾಜು ನಮಗಿರುವುದಿಲ್ಲ.

ಸಾವಿರ ವ್ಯಾಟ್‌ನ ಉಪಕರಣ ಒಂದು ಗಂಟೆ ನಡೆದರೆ ಒಂದು ಯೂನಿಟ್. ಎರಡು ಸಾವಿರ ವ್ಯಾಟ್‌ನ ಗೀಸರ್ ದಿನಕ್ಕೆ ಮುಕ್ಕಾಲು ಗಂಟೆ ಕಾದರೆ ತಿಂಗಳಿಗೆ 45 ಯೂನಿಟ್ ಆಗುತ್ತದೆ. 75 ವ್ಯಾಟ್‌ನ ಮೂರು ಹಳೆಯ ಫ್ಯಾನ್‌ಗಳು ದಿನಕ್ಕೆ 16 ಗಂಟೆ ತಿರುಗಿದರೆ 108 ಯೂನಿಟ್. ಕಡಿಮೆ ವಿದ್ಯುತ್ ಬಳಸುವ ಹೊಸ ಬಗೆಯ, ಸುಮಾರು 30 ವ್ಯಾಟ್‌ನ ಬಿಎಲ್‌ಡಿಸಿ ಫ್ಯಾನ್‌ಗಳಾದರೆ 43. ಅವು ದುಬಾರಿಯಾದ್ದರಿಂದ, ಅತಿಥಿಗಳ ಕೋಣೆಯದನ್ನು ಬಿಟ್ಟು, ಹೆಚ್ಚು ಹೊತ್ತು ತಿರುಗುವುದನ್ನು ಮೊದಲು ಬದಲಿಸುವುದು ಜಾಣತನ.

ಕಣ್ಣಿಗೆ ಬೀಳದ ಸೋರಿಕೆಯನ್ನು ಹಿಡಿಯಲು ಎಲೆಕ್ಟ್ರಾನಿಕ್ ಮೀಟರಿನಲ್ಲಿ ಮಿನುಗುವ ಕೆಂಪು ದೀಪವೇ ಸಾಕು. ಒಂದು ಯೂನಿಟ್‌ಗೆ ಅದು ಎಷ್ಟು ಬಾರಿ ಮಿನುಗುತ್ತದೆಂಬುದು ಮೀಟರಿನ ಮೇಲೆಯೇ ಮುದ್ರಿತವಾಗಿರುತ್ತದೆ, ನಮ್ಮದರಲ್ಲಿ 3200. ಒಂದು ರಾತ್ರಿ ಫ್ರಿಜ್ ಸಹಿತ ಎಲ್ಲವನ್ನೂ ಆರಿಸಿದ್ದೇವೆಂದು ನಂಬಿ ಎಣಿಸಿದಾಗ ಮೂರು ನಿಮಿಷದಲ್ಲಿ ಎಂಟು ಬಾರಿ ಮಿನುಗಿತು. ಗಂಟೆಗೆ 160 ಬಾರಿ ಎಂದಾದರೆ 3200ರ ಇಪ್ಪತ್ತನೇ ಒಂದು ಪಾಲು, ಅಂದರೆ 50 ವ್ಯಾಟ್, ತಿಂಗಳಿಗೆ 36 ಯೂನಿಟ್. ಹುಡುಕಿದರೆ ರಿಮೋಟ್‌ನಲ್ಲಷ್ಟೇ ಆರಿಸಿದ್ದ ಟಿವಿ, ಸೆಟ್‌ಟಾಪ್ ಬಾಕ್ಸ್ ಮತ್ತು ಮುದಿ ಬ್ಯಾಟರಿಗೆ ಸದಾ ವಿದ್ಯುತ್ ಉಣಿಸುತ್ತಿದ್ದ ಇನ್ವರ್ಟರ್!

ಮೀಟರ್ ಓದಲು ಮನೆಗೆ ಬರುವ ಸಿಬ್ಬಂದಿಯಿಂದಲೇ ಈ ವಿಧಾನವನ್ನು ತಿಳಿಸುವ ಒಂದು ಕನ್ನಡ ಕರಪತ್ರವನ್ನು ಬೆಸ್ಕಾಂ ಹಂಚಿಸಲಿ ಎಂದು ಕೋರುತ್ತೇನೆ.

— ಒಬ್ಬ ಗ್ರಾಹಕ, ವಿದ್ಯಾನಗರ, ದಾವಣಗೆರೆ